ಊರೇ ಹೊತ್ತು ಕುಣಿಸುವ ಡ್ರ್ಯಾಗನ್

ಹಾಂಗ್‌ಕಾಂಗ್ ದ್ವೀಪದ ಟಾಯ್ ಹಾಂಗ್ ಈಗ ಮುಗಿಲೆತ್ತರದ ಕಟ್ಟಡಗಳ ನಡುವೆ ಸಿಕ್ಕಿಕೊಂಡಿರುವ ಕೆಲವೇ ಬೀದಿಗಳ ಬಡಾವಣೆ. 19ನೇ ಶತಮಾನದಲ್ಲಿ ಅದು ಕಡಲಂಚಿನ ಪುಟ್ಟ ಹಳ್ಳಿ, ಬೇಸಾಯವನ್ನೂ ಮೀನುಗಾರಿಕೆಯನ್ನೂ ನಂಬಿದ್ದ, ಹಕ್ಕಾ ಎಂಬ ಚೀನೀ ಸಮುದಾಯದವರ ಊರು. 1880ರಲ್ಲಿ ಅಲ್ಲಿಗೆ ಚಂಡಮಾರುತ ಅಪ್ಪಳಿಸಿತು. ಅದರ ಹಿಂದೆಯೇ ಹೆಬ್ಬಾವೊಂದು ಊರೊಳಗೆ ನುಗ್ಗಿ ಸಾಕುಪ್ರಾಣಿಗಳನ್ನು ನುಂಗತೊಡಗಿತು. ಜನ ಸೇರಿ ಅದನ್ನು ಕೊಂದರು. ಬೆಳಗಾಗುವಷ್ಟರಲ್ಲಿ ಹಾವಿನ ಹೆಣ ಮಾಯವಾಗಿತ್ತು, ಊರಿಗೆ ಸಾಂಕ್ರಾಮಿಕ ರೋಗ ಬಂದು ಮನೆಮನೆಯಲ್ಲೂ ಸಾವಾಯಿತು. ಆಗ ಊರಿನವರೊಬ್ಬರ ಕನಸಿನಲ್ಲಿ ದೈವದ ಅಪ್ಪಣೆಯಾಯಿತಂತೆ: ಶರತ್ಕಾಲದ ಹುಣ್ಣಿಮೆಯ ಹಬ್ಬದಲ್ಲಿ ಬೆಂಕಿಯ ಡ್ರ್ಯಾಗನ್ ಕಟ್ಟಿ ಮೂರು ದಿನ ಕುಣಿಸಿ, ಪಟಾಕಿ ಹೊಡೆಯಿರಿ. ಹಾಗೆಯೇ ಮಾಡಿದರು, ರೋಗ ಊರು ಬಿಟ್ಟಿತು.

ಇದು ಟಾಯ್ ಹಾಂಗ್‌ನವರು ಇವತ್ತಿಗೂ ಹೇಳುವ ಕಥೆ. ಪಟಾಕಿಯ ಗಂಧಕದ ಹೊಗೆಗೆ ರೋಗ ಅಡಗಿರಬೇಕು ಎಂದು ವಿವರಿಸುವವರೂ ಇದ್ದಾರೆ. ಆ ವಿವರಣೆ ಸರಿಯೋ ತಪ್ಪೋ, ನನ್ನ ಮನಸ್ಸು ನಿಲ್ಲುವುದು ಬೇರೆ ಕಡೆ. ಸಾವಿಗೆ ಹೆದರಿ ಬಾಗಿಲು ಹಾಕಿಕೊಳ್ಳಬಹುದಾಗಿದ್ದ ಜನ ಬೀದಿಗಿಳಿದರು, ಎಲ್ಲರೂ ಸೇರಿ ಒಂದೇ ದೇಹವನ್ನು ಎತ್ತಿ ಹಿಡಿದರು. ಚೀನೀಯರ ಡ್ರ್ಯಾಗನ್ ಕುಣಿತದ ಬಗ್ಗೆ ಓದಿದಷ್ಟೂ ಅದರ ಜೀವಾಳ ಇಲ್ಲಿಯೇ ಇದೆ ಅನ್ನಿಸುತ್ತದೆ. ಬಣ್ಣ, ಬೆಳಕು, ತಮಟೆಗಳ ಅಬ್ಬರವೆಲ್ಲ ಅದರ ನಂತರದ್ದು.

ಟಾಯ್ ಹಾಂಗ್‌ನ ಡ್ರ್ಯಾಗನ್ ಹುಲ್ಲಿನದು. ದಪ್ಪ ಹಗ್ಗಕ್ಕೆ ಒಣಹುಲ್ಲು ಸುತ್ತಿ ಸುತ್ತಿ ಮೈ ಕಟ್ಟುತ್ತಾರೆ. 67 ಮೀಟರ್ ಉದ್ದ, 32 ಭಾಗ. ತಲೆಗೆ ಬೆತ್ತದ ಚೌಕಟ್ಟು. ಹಲ್ಲಿಗೆ ಗರಗಸದಂತೆ ಕತ್ತರಿಸಿದ ತಗಡು, ಕಣ್ಣಿಗೆ ಟಾರ್ಚು, ನಾಲಗೆಗೆ ಬಣ್ಣ ಬಳಿದ ಮರದ ತುಂಡು. ತಲೆಯೊಂದೇ 48 ಕಿಲೊ ತೂಗುತ್ತದೆ. ಸಂಜೆಯಾಗುತ್ತಲೇ ಬೀದಿಯಲ್ಲಿ ಊದುಬತ್ತಿಯ ಕಟ್ಟುಗಳು ಬಿಚ್ಚಿಕೊಳ್ಳುತ್ತವೆ. ಹಿಡಿಹಿಡಿಯಾಗಿ ಹೊತ್ತಿಸಿ, ಕಿಡಿ ಕಾರುವ ಆ ಕಂತೆಗಳನ್ನು ಕೈಯಿಂದ ಕೈಗೆ ದಾಟಿಸುತ್ತಾ, ತಲೆಯಿಂದ ಬಾಲದವರೆಗೆ ಹುಲ್ಲಿನ ಮೈಗೆ ಒಂದೊಂದೇ ಚುಚ್ಚುತ್ತಾ ಹೋಗುತ್ತಾರೆ. ಬೆಂಕಿ ತಾಗಿದ ತುದಿ ಹೊರಗೆ, ಕಡ್ಡಿ ಒಳಗೆ. ಕೆಲಸದಲ್ಲಿ ಕೈ ಚುರುಕಿರಬೇಕು. ಬಾಲಕ್ಕೆ ಚುಚ್ಚಿ ಮುಗಿಸುವ ಹೊತ್ತಿಗೆ ತಲೆಯ ಬತ್ತಿಗಳು ಅರ್ಧ ಉರಿದಿರಬಾರದು. ಉತ್ಸವದಲ್ಲಿ ಉರಿಯುವ ಬತ್ತಿಗಳ ಸಂಖ್ಯೆ 70,000ಕ್ಕೂ ಹೆಚ್ಚು, ಹೊತ್ತು ಕುಣಿಯುವವರು ಸುಮಾರು 300 ಮಂದಿ. ಯಾರೂ ಕೊನೆಯವರೆಗೂ ಒಂದೇ ಸಮನೆ ಹೊರುವುದಿಲ್ಲ. ಓಡುತ್ತಿರುವಾಗಲೇ ಒಬ್ಬ ಕೋಲು ಬಿಟ್ಟು ಸರಿಯುತ್ತಾನೆ, ಇನ್ನೊಬ್ಬ ಹಿಡಿಯುತ್ತಾನೆ.

ಮೊದಲ ರಾತ್ರಿ ಡ್ರ್ಯಾಗನ್ ಲಿನ್ ಫಾ ದೇವಸ್ಥಾನಕ್ಕೆ ಹೋಗಿ ಆಶೀರ್ವಾದ ಪಡೆಯಬೇಕು. 1863ರಲ್ಲಿ ಕಟ್ಟಿದ, ಕರುಣೆಯ ದೇವತೆ ಗುವಾನ್‌ಯಿನ್‌ಳ ಗುಡಿ ಅದು. ಅಲ್ಲಿಂದ ವುನ್ ಷಾ ಬೀದಿಗೆ ಬಂದರೆ ಬೀದಿದೀಪಗಳು ಆರಿರುತ್ತವೆ. ಚಕೋತದ ಹಣ್ಣಿಗೆ ಊದುಬತ್ತಿ ಚುಚ್ಚಿ ಕೋಲಿಗೇರಿಸಿದ ಎರಡು ಬೆಂಕಿ ಗುಂಡುಗಳು ಮುಂದೆ ಓಡುತ್ತವೆ. ಇವೇ ಡ್ರ್ಯಾಗನ್ ಬೆನ್ನುಹತ್ತುವ ಮುತ್ತುಗಳು. ಮಕ್ಕಳು ತಾವರೆಯಾಕಾರದ ದೀಪ ಹಿಡಿದು ಜೊತೆಗೆ ನಡೆಯುತ್ತಾರೆ. ಡ್ರ್ಯಾಗನ್ ಸುರುಳಿ ಸುತ್ತುತ್ತದೆ, ಬಿಚ್ಚಿಕೊಳ್ಳುತ್ತದೆ, ತನ್ನ ಮೈಯಡಿಯೇ ನುಸುಳುತ್ತದೆ. ಹೊಗೆಯಲ್ಲಿ ಹೊತ್ತವರು ಕಾಣುವುದಿಲ್ಲ, ಕೆಂಪು ಚುಕ್ಕಿಗಳ ಒಂದು ಮೈ ಮಾತ್ರ ಹರಿದಾಡುತ್ತದೆ. ನಡುನಡುವೆ ನಿಂತು ಹಳೆಯ ಬತ್ತಿ ಕಿತ್ತು ಹೊಸತು ಚುಚ್ಚುತ್ತಾರೆ. ನೋಡಲು ಬಂದವರು ಕಿತ್ತ ಬತ್ತಿಯನ್ನು ಪ್ರಸಾದದಂತೆ ಕೇಳಿ ಪಡೆಯುತ್ತಾರೆ. ಹುಣ್ಣಿಮೆಯ ರಾತ್ರಿ ಅದು ಹತ್ತಿರದ ವಿಕ್ಟೋರಿಯಾ ಪಾರ್ಕಿಗೂ ಹೋಗಿ ಬರುತ್ತದೆ. ಎಲ್ಲ ಮುಗಿದ ಮೇಲೆ ಡ್ರ್ಯಾಗನ್‌ನನ್ನು ಕಡಲಿಗೆ ಬಿಡುವುದು ಬಹುಕಾಲದ ಪದ್ಧತಿ. ಮುಂದಿನ ವರ್ಷ ಹೊಸದನ್ನೇ ಕಟ್ಟಬೇಕು.

ಕಡಲಿಗೆ ಬಿಡುವುದಕ್ಕೆ ಅರ್ಥವಿದೆ. ಚೀನೀ ಡ್ರ್ಯಾಗನ್ ನೀರಿನ ಜೀವಿ. ಯುರೋಪಿನ ಕಥೆಗಳಲ್ಲಿ ಬೆಂಕಿಯುಗುಳುತ್ತಾ ನಿಧಿ ಕಾಯುವ ದುಷ್ಟ ಮೃಗಕ್ಕೂ ಇದಕ್ಕೂ ಸಂಬಂಧವಿಲ್ಲ. ಇದು ಮೋಡ ಕವಿಸಿ ಮಳೆ ಸುರಿಸುವುದು, ನದಿಯಲ್ಲಿ, ಸಮುದ್ರದಲ್ಲಿ ವಾಸಿಸುವುದು. ಬೌದ್ಧ ಧರ್ಮ ಭಾರತದಿಂದ ಹೋದಾಗ ನಮ್ಮ ನಾಗರಾಜರೂ ಜೊತೆಗೆ ಹೋಗಿ ಅಲ್ಲಿನ ಡ್ರ್ಯಾಗನ್‌ಗಳೊಡನೆ ಬೆರೆತರು. ಊರೂರಿನಲ್ಲಿ ಪೂಜೆಗೊಳ್ಳುವ ಡ್ರ್ಯಾಗನ್ ರಾಜನ ಕಲ್ಪನೆ ಬೆಳೆದದ್ದು ಆ ಬೆರಕೆಯಿಂದ. ಮಳೆ ಕೈಕೊಟ್ಟರೆ ರೈತರು ಅವನ ವಿಗ್ರಹವನ್ನೇ ಗುಡಿಯಿಂದ ಹೊರತಂದು ಬಿಸಿಲಿಗೆ ಇಡುತ್ತಿದ್ದರು: ನಮ್ಮ ಹೊಲ ಹೇಗೆ ಸುಡುತ್ತಿದೆ, ನೀನೂ ನೋಡು ಎಂದು. ದೇವರೊಡನೆ ಇಷ್ಟು ಸಲಿಗೆಯಿಂದ ಜಗಳವಾಡಬಲ್ಲವರೇ ಅವನನ್ನು ಹೆಗಲ ಮೇಲೆ ಹೊತ್ತು ಕುಣಿಸಬಲ್ಲರು.

ಕುಣಿತದ ಬೇರು ಇರುವುದೂ ಇಂಥ ಮಳೆಯ ಬೇಡಿಕೆಯಲ್ಲೇ. ಹಾನ್ ರಾಜವಂಶದ ವಿದ್ವಾಂಸ ಡಾಂಗ್ ಝೊಂಗ್‌ಶು, ಕ್ರಿಸ್ತಪೂರ್ವ 2ನೇ ಶತಮಾನದವನು. ಅವನ ಹೆಸರಿನಲ್ಲಿರುವ ಗ್ರಂಥ ಮಳೆಗಾಗಿ ನಡೆಸುವ ವಿಧಿಗಳನ್ನು ಋತುವಿಗೊಂದರಂತೆ ಹೇಳುತ್ತದೆ. ವಸಂತದಲ್ಲಿ ಹಸಿರು ಡ್ರ್ಯಾಗನ್, ಹಸಿರುಟ್ಟ ಎಂಟು ಹುಡುಗರ ಕುಣಿತ. ಬೇಸಿಗೆಯಲ್ಲಿ ಕೆಂಪು, ಶರತ್ತಿನಲ್ಲಿ ಬಿಳಿ, ಚಳಿಗಾಲದಲ್ಲಿ ಕಪ್ಪು. ಆ ಡ್ರ್ಯಾಗನ್‌ಗಳು ಮಣ್ಣಿನವು, ಜನ ಅವುಗಳ ಸುತ್ತ ಕುಣಿಯುತ್ತಿದ್ದರು. ಮುಂದೆ ಸೊಂಗ್ ಕಾಲದ ರಾಜಧಾನಿ ಕೈಫೆಂಗ್ ನಗರವನ್ನು ನೆನೆದು ಬರೆದ 12ನೇ ಶತಮಾನದ ಪುಸ್ತಕವೊಂದರಲ್ಲಿ, ದೀಪಗಳ ಹಬ್ಬಕ್ಕೆ ಹುಲ್ಲು ಕಟ್ಟಿ, ಬಟ್ಟೆ ಹೊದಿಸಿ, ಮೈತುಂಬ ಸಾವಿರಾರು ಹಣತೆ ಇಟ್ಟ ಜೋಡಿ ಡ್ರ್ಯಾಗನ್‌ಗಳ ವರ್ಣನೆ ಇದೆ. ಟಾಯ್ ಹಾಂಗ್‌ನ ಹುಲ್ಲು ಮತ್ತು ಬೆಂಕಿಯ ನಂಟು ಎಷ್ಟು ಹಳೆಯದೆಂದು ಅದನ್ನು ಓದಿದಾಗ ಗೊತ್ತಾಗುತ್ತದೆ.

ಅರಮನೆಯೂ ಡ್ರ್ಯಾಗನ್‌ನನ್ನು ತನ್ನದಾಗಿಸಿಕೊಂಡಿತು. ಐದು ಉಗುರಿನ ಡ್ರ್ಯಾಗನ್ ಚಕ್ರವರ್ತಿಯ ನಿಲುವಂಗಿಗೆ ಮೀಸಲಾಯಿತು. ಆದರೆ ಹಳ್ಳಿಯವರ ಕೈಯಲ್ಲಿದ್ದ ಬಿದಿರು ಕೋಲಿನ ಡ್ರ್ಯಾಗನ್ ಅವರ ಕೈಯಲ್ಲೇ ಉಳಿಯಿತು. ಸಿಂಹಾಸನ ಹೋಗಿ ನೂರು ವರ್ಷ ದಾಟಿದೆ, ಹಳ್ಳಿಯ ಡ್ರ್ಯಾಗನ್ ಇನ್ನೂ ಕುಣಿಯುತ್ತಿದೆ.

ಸಿಂಹದ ಕುಣಿತವನ್ನೂ ಡ್ರ್ಯಾಗನ್ ಕುಣಿತವನ್ನೂ ಒಂದೇ ಎಂದುಕೊಳ್ಳುವವರು ಬಹಳ. ಸಿಂಹದೊಳಗೆ ಇಬ್ಬರು, ಮುಖ ಕಾಣುವುದಿಲ್ಲ. ಡ್ರ್ಯಾಗನ್‌ನನ್ನು ಕೋಲುಗಳ ಮೇಲೆ ಎತ್ತಿ ಹಿಡಿಯುತ್ತಾರೆ, ಹೊತ್ತ ಪ್ರತಿಯೊಬ್ಬನೂ ಬಯಲಿನಲ್ಲೇ ಇರುತ್ತಾನೆ. ಸ್ಪರ್ಧೆಗಳಲ್ಲಿ ಬಳಸುವುದು ಸಾಮಾನ್ಯವಾಗಿ ಒಂಬತ್ತು ಭಾಗದ, 18 ಮೀಟರ್ ಉದ್ದದ ಬಟ್ಟೆಯ ಡ್ರ್ಯಾಗನ್. ಒಂಬತ್ತು ಜನ ಹೊರುವವರು, ಹತ್ತನೆಯವನು ಮುತ್ತು ಹಿಡಿದು ಮುಂದೆ ಓಡುವವನು. ದೊಡ್ಡ ಡೋಲು, ಜಾಗಟೆ, ತಾಳಗಳ ಮೇಳ ಜೊತೆಗಿರುತ್ತದೆ.

ಇದರ ಕಲೆಗಾರಿಕೆ ತಿಳಿಯಬೇಕೆಂದರೆ ತಲೆಯನ್ನು ಬಿಟ್ಟು ನಡುವಿನವರ ಮೇಲೆ ಕಣ್ಣಿಡಬೇಕು. ತಲೆ ಹಿಡಿದವನು ಎಡಕ್ಕೂ ಬಲಕ್ಕೂ ಎಂಟರ ಅಂಕಿ ಬರೆಯುತ್ತಾ ಹೋದರೆ, ಎರಡನೆಯವನು ಅದೇ ಗೆರೆಯನ್ನು ಕ್ಷಣ ಬಿಟ್ಟು ಬರೆಯುತ್ತಾನೆ, ಮೂರನೆಯವನು ಇನ್ನೊಂದು ಕ್ಷಣ ಬಿಟ್ಟು. ಈ ಕ್ಷಣಗಳ ಅಂತರ ಸಮನಾಗಿದ್ದರೆ ಮೈ ಅಲೆಯಾಗಿ ಹರಿಯುತ್ತದೆ. ಒಬ್ಬ ಅವಸರಪಟ್ಟರೆ ಬಟ್ಟೆ ಜೋತು ಬೀಳುತ್ತದೆ. ಒಬ್ಬ ಹಿಂದೆ ಬಿದ್ದರೆ ಬಟ್ಟೆ ಬಿಗಿದು ಅಲೆ ಅಲ್ಲಿಯೇ ಮುರಿಯುತ್ತದೆ. ಎಲ್ಲರಿಗಿಂತ ಹೆಚ್ಚು ಓಡುವವನು ಬಾಲದವನು. ತಲೆ ಸಣ್ಣ ತಿರುವು ತೆಗೆದುಕೊಂಡರೂ ಸಾಕು, ಬಾಲ ದೊಡ್ಡ ವೃತ್ತದಲ್ಲಿ ಬೀಸಿ ಬರುತ್ತದೆ. ನೋಡುಗರ ಕಣ್ಣು ಮುತ್ತಿನ ಮೇಲೆ, ತಲೆಯ ಮೇಲೆ ಇರುತ್ತದೆ. ಬಾಲದವನ ಹೆಸರು ಯಾರೂ ಕೇಳುವುದಿಲ್ಲ. ತಂಡದವರಿಗೆ ಮಾತ್ರ ಗೊತ್ತಿರುತ್ತದೆ, ಅವನು ಸೋತರೆ ಡ್ರ್ಯಾಗನ್ ಸೋತಂತೆಯೇ ಎಂದು.

ಹೊಸ ಡ್ರ್ಯಾಗನ್‌ಗೆ ಕಣ್ಣು ತೆರೆಸುವ ಶಾಸ್ತ್ರವೂ ಇದೆ. ಗೌರವಸ್ಥರೊಬ್ಬರು ಕುಂಚದಿಂದ ಕಣ್ಣಿಗೆ ಕೆಂಪು ಬೊಟ್ಟಿಡುವವರೆಗೂ ಅದು ಬರೀ ಬಟ್ಟೆ, ಬಿದಿರು. ಕಣ್ಣಿನ ಮಹಿಮೆಗೆ ಒಂದು ಕಥೆಯಿದೆ: 6ನೇ ಶತಮಾನದ ಚಿತ್ರಕಾರ ಝಾಂಗ್ ಸೆಂಗ್‌ಯಾವೊ ನಾನ್‌ಜಿಂಗ್‌ನ ದೇಗುಲದ ಗೋಡೆಯ ಮೇಲೆ ನಾಲ್ಕು ಡ್ರ್ಯಾಗನ್ ಬರೆದು ಕಣ್ಣು ಬಿಡಿಸದೆ ಬಿಟ್ಟಿದ್ದನಂತೆ. ಜನರ ಒತ್ತಾಯಕ್ಕೆ ಎರಡಕ್ಕೆ ಕಣ್ಣಿಟ್ಟಾಗ ಸಿಡಿಲು ಬಡಿದು ಗೋಡೆ ಬಿರಿಯಿತು, ಆ ಎರಡೂ ಹಾರಿಹೋದವು.

ಚೀನಾದೊಳಗೇ ಈ ಕುಣಿತಕ್ಕೆ ನಾನಾ ರೂಪ. ಚೊಂಗ್‌ಚಿಂಗ್ ಬಳಿಯ ಟೊಂಗ್‌ಲಿಯಾಂಗ್‌ನ ಭಾರೀ ಡ್ರ್ಯಾಗನ್‌ಗಳು ಬೀಜಿಂಗ್‌ನ ರಾಷ್ಟ್ರೀಯ ದಿನಾಚರಣೆಯಲ್ಲಿ ಕುಣಿದು ದೇಶಕ್ಕೆಲ್ಲ ಹೆಸರಾದವು. ಗುವಾಂಗ್‌ಡೊಂಗ್‌ನ ಝಾನ್‌ಜಿಯಾಂಗ್‌ನಲ್ಲಿ ಬಟ್ಟೆಯೂ ಇಲ್ಲ, ಬಿದಿರೂ ಇಲ್ಲ. ಒಬ್ಬರ ಹೆಗಲ ಮೇಲೊಬ್ಬರು ಒರಗಿ ಮನುಷ್ಯರೇ ಡ್ರ್ಯಾಗನ್ ಆಗುತ್ತಾರೆ. ನನಗೆ ಎಲ್ಲಕ್ಕಿಂತ ಹಿಡಿಸಿದ್ದು ಝೆಜಿಯಾಂಗ್ ಪ್ರಾಂತ್ಯದ ಪುಜಿಯಾಂಗ್‌ನ ಬೆಂಚಿನ ಡ್ರ್ಯಾಗನ್. ಅಲ್ಲಿ ಮನೆಗೊಂದು ಮರದ ಹಲಗೆ. ಅದರ ಮೇಲೆ ದೀಪಗಳನ್ನು ಕಟ್ಟಿ ಪ್ರತಿ ಮನೆಯವರೂ ಬಯಲಿಗೆ ತರುತ್ತಾರೆ. ಹಲಗೆಯ ತುದಿಯ ತೂತಿಗೆ ಪಕ್ಕದ ಮನೆಯ ಹಲಗೆಯ ತೂತು ಕೂಡಿಸಿ ಮರದ ಗೂಟ ಜಡಿಯುತ್ತಾರೆ. ಹೀಗೆ ಬೆಳೆಬೆಳೆದು ಊರಿನಷ್ಟೇ ಉದ್ದವಾಗುತ್ತದೆ ಡ್ರ್ಯಾಗನ್. ತೇರಿನ ಹಗ್ಗಕ್ಕೆ ಊರೆಲ್ಲ ಕೈಹಚ್ಚಿದ ಹಾಗೆ. ಊರಿನಲ್ಲಿ ಮನೆ ಹೆಚ್ಚಿದರೆ ಡ್ರ್ಯಾಗನ್ ಉದ್ದವಾಯಿತು, ಒಂದು ಮನೆ ಬಾರದಿದ್ದರೆ ಅಷ್ಟು ಗಿಡ್ಡವಾಯಿತು.

ಊರು ಬಿಟ್ಟವರೂ ಡ್ರ್ಯಾಗನ್ ಬಿಡಲಿಲ್ಲ. ಚಿನ್ನ ಹುಡುಕಿಕೊಂಡು ಆಸ್ಟ್ರೇಲಿಯಾದ ಬೆಂಡಿಗೊಗೆ ಹೋದ ಚೀನೀಯರು 19ನೇ ಶತಮಾನದಲ್ಲೇ ಅಲ್ಲಿ ಡ್ರ್ಯಾಗನ್ ಮೆರವಣಿಗೆ ಶುರುಮಾಡಿದರು. ಅಲ್ಲಿ ಮೆರೆದ ಹಳೆಯ ಡ್ರ್ಯಾಗನ್ ಒಂದು ಈಗಲೂ ಅಲ್ಲಿನ ಮ್ಯೂಸಿಯಮ್ಮಿನಲ್ಲಿದೆ. ನಮ್ಮ ಕೊಲ್ಕತ್ತದ ಟಾಂಗ್ರಾದಲ್ಲಿ ಚರ್ಮ ಹದಮಾಡುವ ಕಸುಬು ಕಟ್ಟಿದವರು ಟಾಯ್ ಹಾಂಗ್‌ನವರಂತೆಯೇ ಹಕ್ಕಾ ಜನ. 1962ರ ಭಾರತ-ಚೀನಾ ಯುದ್ಧದ ನಂತರ ಅನುಮಾನ, ಬಂಧನಗಳನ್ನು ಕಂಡು ಹಲವರು ದೇಶವನ್ನೇ ಬಿಟ್ಟರು. ಉಳಿದವರು ಇವತ್ತಿಗೂ ಹೊಸವರ್ಷಕ್ಕೆ ಟಾಂಗ್ರಾ ಮತ್ತು ಟಿರೆಟ್ಟಾ ಬಜಾರಿನ ಬೀದಿಗಳಲ್ಲಿ ಡ್ರ್ಯಾಗನ್‌ನನ್ನೂ ಸಿಂಹವನ್ನೂ ಕುಣಿಸುತ್ತಾರೆ. ಅಷ್ಟು ನೋವುಂಡ ಸಣ್ಣ ಸಮುದಾಯವೊಂದು ಹಾಗೆ ಬೀದಿಗಿಳಿಯುವುದು ಸಣ್ಣ ಮಾತಲ್ಲ. ಈ ದೇಶದ ಹಬ್ಬಗಳ ಪಟ್ಟಿಯಲ್ಲಿ ಅದಕ್ಕೂ ಜಾಗ ಇರಬೇಕು.

ಟಾಯ್ ಹಾಂಗ್‌ನ ಕುಣಿತ 2011ರಲ್ಲಿ ಚೀನಾದ ರಾಷ್ಟ್ರೀಯ ಅಮೂರ್ತ ಪರಂಪರೆಯ ಪಟ್ಟಿಗೆ ಸೇರಿತು. ಸಾಂಕ್ರಾಮಿಕದಿಂದ ಹುಟ್ಟಿದ ಈ ಕುಣಿತವನ್ನು ಕೋವಿಡ್ ಎಂಬ ಇನ್ನೊಂದು ಸಾಂಕ್ರಾಮಿಕ ಕೆಲವು ವರ್ಷ ನಿಲ್ಲಿಸಿತು. ಹುಲ್ಲು ಕಟ್ಟಿದವರ ಕೈ ಆ ಕೆಲಸ ಮರೆಯಲಿಲ್ಲ. 2023ರಲ್ಲಿ ಡ್ರ್ಯಾಗನ್ ಮತ್ತೆ ವುನ್ ಷಾ ಬೀದಿಗೆ ಬಂತು. 2022ರಿಂದ ಟಾಯ್ ಹಾಂಗ್‌ನಲ್ಲೇ ಈ ಕುಣಿತದ ಒಂದು ಪರಂಪರೆ ಕೇಂದ್ರವೂ ಇದೆ.

ಶರತ್ಕಾಲದ ಹುಣ್ಣಿಮೆ ಸೆಪ್ಟೆಂಬರಿನಲ್ಲೋ ಅಕ್ಟೋಬರಿನಲ್ಲೋ ಬರುತ್ತದೆ. ಆ ಹೊತ್ತಿಗೆ ಹಾಂಗ್‌ಕಾಂಗ್‌ಗೆ ಹೋಗುವವರು ಟಿನ್ ಹೌ ಮೆಟ್ರೊ ನಿಲ್ದಾಣದಲ್ಲಿ ಇಳಿದು ನಡೆದೇ ಹೋಗಬಹುದು. ಬೀದಿ ಕಿರಿದು, ಜನ ಬಹಳ. ಕತ್ತಲಾಗುವ ಮುಂಚೆಯೇ ಜಾಗ ಹಿಡಿಯಿರಿ. ಅಷ್ಟು ದೂರ ಆಗದವರಿಗೆ ಚೀನೀ ಹೊಸವರ್ಷದ ಹೊತ್ತಿಗೆ ಕೊಲ್ಕತ್ತ ಇದೆ. ಎಲ್ಲಿ ನೋಡಿದರೂ ಒಂದು ಸುತ್ತಾದರೂ ಬಾಲ ಹಿಡಿದವನನ್ನೇ ನೋಡಿ.