ನೊಂದವರಿಗೆ ಕಿವಿಗೊಡುವುದೂ ದಾಸೋಹವೇ



ಮೈಗೆ ಆದ ಗಾಯ ಎಲ್ಲರ ಕಣ್ಣಿಗೂ ಕಾಣುತ್ತದೆ; ಮನಸ್ಸಿಗೆ ಆದ ಗಾಯ ಕಾಣುವುದಿಲ್ಲ. ಕಾಲು ಮುರಿದವನಿಗೆ ‘ನಡೆ’ ಎಂದು ಯಾರೂ ಹೇಳುವುದಿಲ್ಲ. ಮನ ಮುರಿದವನಿಗೆ ಮಾತ್ರ ‘ಎದ್ದೇಳು, ಧೈರ್ಯ ತಂದುಕೋ’ ಎಂದು ಅವಸರ ಮಾಡುತ್ತೇವೆ.

1993ರ ಸೆಪ್ಟೆಂಬರ್ 30ರ ನಸುಕಿನಲ್ಲಿ ನೆರೆಯ ಲಾತೂರ ಜಿಲ್ಲೆಯ ಕಿಲ್ಲಾರಿಯ ಸುತ್ತ ಭೂಮಿ ನಡುಗಿತು. ಗಣೇಶನನ್ನು ಕಳಿಸಿ ಬಂದು ದಣಿದು ಮಲಗಿದ್ದವರ ಮೇಲೆ ಕಲ್ಲುಮಣ್ಣಿನ ದಪ್ಪ ಗೋಡೆಗಳು, ಭಾರದ ಮಾಳಿಗೆಗಳು ಕುಸಿದವು. ಸಾವಿರಾರು ಜೀವಗಳು ಹೋದವು. ನಮ್ಮ ಬೀದರ, ಕಲಬುರ್ಗಿ ಸೀಮೆಯ ಎಷ್ಟೋ ಮನೆತನಗಳಿಗೆ ಅಲ್ಲಿ ನೆಂಟಸ್ತಿಕೆ ಇತ್ತು.

ನಮಗೆ ಆಗಿನ್ನೂ ಪಟ್ಟವಾಗಿ ಬಹಳ ಕಾಲವಾಗಿರಲಿಲ್ಲ. ಅಲ್ಲಿ ಕೂಸನ್ನು ಕಳೆದುಕೊಂಡ ತಾಯಿಯೊಬ್ಬಳು ತವರಿಗೆ ಬಂದು ಮಠದ ಅಂಗಳದಲ್ಲೇ ಮಲಗುತ್ತಿದ್ದಳು. ಸೂರಿನಡಿ ಕಾಲಿಡಲು ಅಂಜಿಕೆ. ದಾರಿಯಲ್ಲಿ ಲಾರಿ ಗುಡುಗಿದರೆ ಬೆಚ್ಚಿ ಓಡುತ್ತಿದ್ದಳು. ‘ಎಲ್ಲ ಶಿವನಿಚ್ಛೆ, ಮರೆತುಬಿಡು ತಾಯಿ’ ಎಂದು ನಾವು ಉಪದೇಶಿಸಿದೆವು. ಆಕೆ ತಲೆಯೆತ್ತಿ, ‘ಮರಿ ಅಂತೀರಲ್ರಿ ಯಪ್ಪಾ, ನಾನೂ ಮರೆತರ ಆ ಕೂಸನ್ನ ನೆನೆಯೋರು ಯಾರದಾರ್ರಿ?’ ಎಂದಳು. ನಾವು ಕಲಿತ ಶಾಸ್ತ್ರವೆಲ್ಲ ಆ ಕ್ಷಣ ಬಾಯಿ ಕಟ್ಟಿತು.

ಮಠದ ದಾಸೋಹದಲ್ಲಿ ರೊಟ್ಟಿ ಬಡಿಯುತ್ತಿದ್ದ ಅಜ್ಜಿಯೊಬ್ಬಳು ಮಾತ್ರ ಏನನ್ನೂ ಬೋಧಿಸಲಿಲ್ಲ. ರಾತ್ರಿ ಆಕೆಯ ಪಕ್ಕದಲ್ಲೇ ಚಾಪೆ ಹಾಸಿದಳು. ಕೂಸಿನ ಹೆಸರು ಕೇಳಿದಳು. ಹೇಳಿದ್ದನ್ನೇ ಹತ್ತು ಸಲ ಹೇಳಿದರೂ ಹೊಸದೆಂಬಂತೆ ಕೇಳಿದಳು. ತಿಂಗಳುಗಳು ಉರುಳಿದ ಮೇಲೆ, ಮಳೆಗಾಲದ ಒಂದು ರಾತ್ರಿ, ಆ ತಾಯಿ ತಾನಾಗಿಯೇ ಒಳಗೆ ಬಂದು ಮಲಗಿದಳು.

ಪಂಚಾಚಾರಗಳಲ್ಲಿ ಭೃತ್ಯಾಚಾರವನ್ನು ನಾವು ಗ್ರಂಥದಲ್ಲಿ ಓದಿದ್ದೆವು. ಅದರ ಆಚರಣೆಯನ್ನು ಕಂಡದ್ದು ಆ ಅಜ್ಜಿಯಲ್ಲಿ. ತಾನು ಕಿರಿಯನಾಗಿ ನಿಂತು ಸೇವೆ ಮಾಡುವವನಿಗೆ ನೊಂದವರ ಮುಂದೆ ತನ್ನ ಜ್ಞಾನವನ್ನು ಮೆರೆಸುವ ಆಸೆ ಇರುವುದಿಲ್ಲ.

ಬೆಚ್ಚಿಬೀಳುವುದು, ನಿದ್ದೆ ಬಾರದಿರುವುದು, ಕಂಡದ್ದೇ ಮತ್ತೆ ಮತ್ತೆ ಕಣ್ಣಿಗೆ ಕಟ್ಟುವುದು ಭಕ್ತಿಯ ಕೊರತೆಯಲ್ಲ, ಗಾಳಿಯ ಸೋಂಕೂ ಅಲ್ಲ. ಘೋರ ಆಪತ್ತನ್ನು ಕಂಡ ದೇಹ ಆಪತ್ತು ಹೋದ ಮೇಲೂ ಕಾವಲು ಬಿಡದಿರುವ ಸ್ಥಿತಿ ಅದು. ಅನೇಕರಿಗೆ ತಮ್ಮವರ ಆಸರೆಯಲ್ಲಿ ಕ್ರಮೇಣ ಕಡಿಮೆಯಾಗುತ್ತದೆ. ತಿಂಗಳು ಕಳೆದರೂ ಬದುಕು ಹಳಿಗೆ ಬಾರದಿದ್ದರೆ, ಇಲ್ಲವೇ ಸಾಯುವ ಮಾತು ಬಂದರೆ ಕೂಡಲೇ, ಮನೋವೈದ್ಯರಲ್ಲಿಗೆ ಕರೆದೊಯ್ಯಬೇಕು. 2022ರಲ್ಲಿ ಆರಂಭವಾದ ಸರಕಾರದ ಟೆಲಿ ಮಾನಸ್ ಸೇವೆಗೆ 14416 ಸಂಖ್ಯೆಯಲ್ಲಿ ಉಚಿತವಾಗಿ ಕರೆ ಮಾಡಬಹುದು. ವಿಭೂತಿ ಧರಿಸಿದ ಕೈ ಔಷಧಿ ಹಿಡಿದರೆ ಶ್ರದ್ಧೆಗೆ ಕುಂದಿಲ್ಲ.

ಕೆದಕಿ ಕೇಳಬೇಡಿ, ಹೇಳಹೊರಟಾಗ ತಡೆಯಬೇಡಿ. ‘ಇನ್ನೂ ಅದೇ ಚಿಂತೆಯೇ?’ ಎಂದು ದಿನ ಎಣಿಸಬೇಡಿ. ಹಸಿದವನಿಗೆ ಅನ್ನವಿಕ್ಕುವಂತೆ ನೊಂದವನಿಗೆ ಹೊತ್ತು ಕೊಡಿ. ನಿಮ್ಮ ಓಣಿಯಲ್ಲಿಯೂ ಅಂಗಳದಲ್ಲೇ ಉಳಿದ ಜೀವವೊಂದು ಇದ್ದೀತು. ಅದರ ಪಕ್ಕ ಚಾಪೆ ಹಾಸುವ ಮನಸ್ಸನ್ನು ಶಿವನು ನಿಮಗೆ ಕರುಣಿಸಲೆಂದು ಹಾರೈಸುತ್ತೇವೆ.