ಆಮ್‌ಸ್ಟರ್‌ಡ್ಯಾಂನ ‘ಡಾಕ್‌ವರ್ಕರ್’: ಎರಡು ದಿನಗಳ ಮುಷ್ಕರದ ಕಂಚಿನ ಸಾಕ್ಷಿ

ನೆದರ್ಲೆಂಡ್ಸ್‌ನ ಆಮ್‌ಸ್ಟರ್‌ಡ್ಯಾಂ ನಗರದ ಯೋನಾಸ್ ಡೇನಿಯಲ್ ಮೇಯರ್ ಚೌಕದಲ್ಲಿ, ಹಳೆಯ ಪೋರ್ಚುಗೀಸ್ ಯಹೂದಿ ಮಂದಿರದ ಮಗ್ಗುಲಲ್ಲೇ, ಒಂದು ಕಂಚಿನ ಪ್ರತಿಮೆ ನಿಂತಿದೆ. ಅದು ದೊರೆಯದಲ್ಲ, ದಂಡನಾಯಕನದೂ ಅಲ್ಲ. ಕೆಲಸದ ಉಡುಪು ತೊಟ್ಟ ದೃಢಕಾಯದ ಕಾರ್ಮಿಕನೊಬ್ಬ ತಲೆಯೆತ್ತಿ ನಿಂತಿದ್ದಾನೆ. ಅವನ ಕೈಗಳು ಬರಿದಾಗಿವೆ. ಡಚ್ಚರು ಈತನನ್ನು ‘ಡಾಕ್‌ವರ್ಕರ್’, ಅರ್ಥಾತ್ ಹಡಗುಕಟ್ಟೆಯ ಕಾರ್ಮಿಕ ಎನ್ನುತ್ತಾರೆ. 1941ರ ಫೆಬ್ರುವರಿ 25 ಮತ್ತು 26ರಂದು ನಾಜಿ ಆಡಳಿತದ ವಿರುದ್ಧ ನಡೆದ ಮುಷ್ಕರದ ಸ್ಮಾರಕವಿದು.

ಈ ಚೌಕವನ್ನೇ ಆರಿಸಿದ್ದಕ್ಕೆ ಕಾರಣವಿದೆ. 1940ರ ಮೇ ತಿಂಗಳಲ್ಲಿ ಜರ್ಮನಿಯು ದೇಶವನ್ನು ವಶಪಡಿಸಿಕೊಂಡ ಮೇಲೆ ಯಹೂದಿ ಬಡಾವಣೆಗಳಲ್ಲಿ ಡಚ್ ನಾಜಿಗಳ ಪುಂಡಾಟಿಕೆ ಹೆಚ್ಚುತ್ತ ಹೋಯಿತು. ಯಹೂದಿ ಯುವಕರು ಹಾಗೂ ಅವರ ನೆರೆಹೊರೆಯ ಕಾರ್ಮಿಕರು ತಿರುಗಿಬಿದ್ದರು. 1941ರ ಫೆಬ್ರುವರಿ 11ರ ಘರ್ಷಣೆಯಲ್ಲಿ ಗಾಯಗೊಂಡ ಡಚ್ ನಾಜಿಯೊಬ್ಬ ಕೆಲ ದಿನಗಳಲ್ಲಿ ಅಸುನೀಗಿದ. ಇದರ ಸೇಡೆಂಬಂತೆ ಫೆಬ್ರುವರಿ 22 ಮತ್ತು 23ರಂದು ಜರ್ಮನ್ ಪೊಲೀಸರು 427 ಯಹೂದಿ ಯುವಕರನ್ನು ಬೀದಿಗಳಿಂದ ಹಿಡಿದು ತಂದು, ಇದೇ ಚೌಕದಲ್ಲಿ ಕುಕ್ಕರಗಾಲಲ್ಲಿ ಕೂರಿಸಿದರು. ಬುಕೆನ್‌ವಾಲ್ಡ್, ಮೌಟ್‌ಹೌಸೆನ್ ಸೆರೆಶಿಬಿರಗಳಿಗೆ ಸಾಗಿಸಲ್ಪಟ್ಟವರಲ್ಲಿ ಜೀವಂತ ಉಳಿದವರು ಇಬ್ಬರೇ.

ಫೆಬ್ರುವರಿ 24ರ ಸಂಜೆ ನೂರ್ಡರ್‌ಮಾರ್ಕ್ಟ್ ಬಯಲಿನಲ್ಲಿ ಸಭೆ ಸೇರಿತು. ಕರೆದವರು ಅದಾಗಲೇ ನಿಷೇಧಕ್ಕೊಳಗಾಗಿದ್ದ ಕಮ್ಯುನಿಸ್ಟ್ ಪಕ್ಷದವರು. ಮುಂದಾಳುಗಳು ನಗರಾಡಳಿತದಲ್ಲಿ ರಸ್ತೆ ಕೆಲಸಗಾರನಾಗಿದ್ದ ವಿಲ್ಲೆಮ್ ಕ್ರಾನ್ ಮತ್ತು ಪೌರಕಾರ್ಮಿಕ ಪೀಟ್ ನಾಕ್. ಮರುದಿನ ಬೆಳಗ್ಗೆ ಟ್ರಾಮುಗಳು ಡಿಪೊ ಬಿಟ್ಟು ಹೊರಡಲಿಲ್ಲ. ಪತ್ರಿಕೆ, ರೇಡಿಯೊಗಳೆಲ್ಲ ಜರ್ಮನರ ಹಿಡಿತದಲ್ಲಿದ್ದ ಕಾಲದಲ್ಲಿ, ಟ್ರಾಮು ಬಾರದಿದ್ದುದೇ ಊರಿಗೆಲ್ಲ ಸುದ್ದಿಯಾಯಿತು. ಹಡಗುಕಟ್ಟೆ, ಕಾರ್ಖಾನೆ, ಕಚೇರಿ, ಅಂಗಡಿಗಳು ಒಂದೊಂದಾಗಿ ಸ್ತಬ್ಧಗೊಂಡವು. ಎರಡನೆಯ ದಿನ ಮುಷ್ಕರವು ಹಾರ್ಲೆಮ್, ಹಿಲ್ವರ್ಸಮ್, ಉಟ್ರೆಕ್ಟ್‌ಗಳಿಗೂ ಹಬ್ಬಿತು.

ನಾಜಿಗಳು ಗುಂಡು ಹಾರಿಸಿದರು. ಒಂಬತ್ತು ಮಂದಿ ಪ್ರಾಣ ತೆತ್ತರು. ಮುಷ್ಕರ ಅಡಗಿದ ಬಳಿಕ ಆಮ್‌ಸ್ಟರ್‌ಡ್ಯಾಂ ನಗರದ ಮೇಲೆ 1.5 ಕೋಟಿ ಗಿಲ್ಡರ್ ದಂಡ ಬಿತ್ತು. ಮಾರ್ಚ್ 13ರಂದು ಗುಂಡಿಟ್ಟು ಕೊಲ್ಲಲಾದ 18 ಮಂದಿಯಲ್ಲಿ ಮೂವರು ಮುಷ್ಕರನಿರತರು. ಕ್ರಾನ್‌ನಿಗೆ 1942ರ ನವೆಂಬರಿನಲ್ಲಿ ಅದೇ ಗತಿ ಒದಗಿತು. ಯಹೂದಿಗಳ ಸಾಗಣೆಯಂತೂ ನಿಲ್ಲಲಿಲ್ಲ. ಯುದ್ಧ ಮುಗಿಯುವಷ್ಟರಲ್ಲಿ ನೆದರ್ಲೆಂಡ್ಸ್‌ನ ಸುಮಾರು 1,40,000 ಯಹೂದಿಗಳ ಪೈಕಿ ಒಂದು ಲಕ್ಷಕ್ಕೂ ಅಧಿಕ ಮಂದಿ ಹತರಾಗಿದ್ದರು. ಸೋತ ಮುಷ್ಕರಕ್ಕೆ ಪ್ರತಿಮೆ ಏಕೆಂದು ಕೇಳುವವರು ಇನ್ನೊಂದು ಲೆಕ್ಕವನ್ನೂ ನೋಡಬೇಕು: ಜರ್ಮನಿಯ ವಶದಲ್ಲಿದ್ದ ಯೂರೋಪಿನಲ್ಲಿ ಯಹೂದಿಗಳ ಪರವಾಗಿ ಇತರರು ಇಷ್ಟು ದೊಡ್ಡ ಪ್ರಮಾಣದಲ್ಲಿ ಕೆಲಸ ನಿಲ್ಲಿಸಿದ ಮತ್ತೊಂದು ನಿದರ್ಶನವಿಲ್ಲ.

ಪ್ರತಿಮೆಯನ್ನು ರೂಪಿಸಿದ ಹಾರ್ಲೆಮ್‌ನ ಶಿಲ್ಪಿ ಮಾರಿ ಆಂಡ್ರೀಸನ್ (1897–1979), ಕಲಾವಿದರಿಗಾಗಿ ನಾಜಿಗಳು ಸ್ಥಾಪಿಸಿದ್ದ ಕಡ್ಡಾಯ ಸಂಘಕ್ಕೆ ಸೇರಲು ನಿರಾಕರಿಸಿದವರು. ಮೊದಲು ಕೆಲಸ ನಿಲ್ಲಿಸಿದವರು ಟ್ರಾಮ್ ನೌಕರರೂ ಪೌರಕಾರ್ಮಿಕರೂ ಆಗಿದ್ದರೂ ಅವರು ಕೆತ್ತಿದ್ದು ಹಡಗುಕಟ್ಟೆಯವನನ್ನು. ಅದಕ್ಕೆ ರೂಪದರ್ಶಿಯಾಗಿ ನಿಂತವನೋ ಒಬ್ಬ ಬಡಗಿ! ಹೀಗಾಗಿ ಇದನ್ನು ವ್ಯಕ್ತಿಯೊಬ್ಬನ ಪ್ರತಿಮೆಯೆನ್ನುವುದಕ್ಕಿಂತ ದುಡಿಯುವ ವರ್ಗದ ಪ್ರತಿಮೆಯೆನ್ನುವುದೇ ಸರಿ.

1952ರ ಡಿಸೆಂಬರ್ 19ರಂದು ರಾಣಿ ಯೂಲಿಯಾನಾ ಇದನ್ನು ಅನಾವರಣಗೊಳಿಸಿದರು. ಆ ವೇಳೆಗೆ ಮುಷ್ಕರ ಯಾರದೆಂಬ ವಿವಾದ ಎದ್ದಿತ್ತು. ಕರೆ ಕೊಟ್ಟವರು ತಾವೆಂದು ಕಮ್ಯುನಿಸ್ಟರು. ಅದು ಇಡೀ ನಗರದ್ದೆಂದು ಉಳಿದವರು. ಶೀತಲ ಸಮರದ ವರ್ಷಗಳಲ್ಲಿ ಎರಡೂ ಬಣಗಳು ಬೇರೆಬೇರೆಯಾಗಿ ಸ್ಮರಣೆ ನಡೆಸಿದ್ದುಂಟು. ವಾಸ್ತವದಲ್ಲಿ ಎರಡೂ ಮಾತು ನಿಜವೇ: ಪಕ್ಷದ ಕರಪತ್ರವಿಲ್ಲದೆ ಮುಷ್ಕರ ಆರಂಭವಾಗುತ್ತಿರಲಿಲ್ಲ, ಪಕ್ಷದ ಹೊರಗಿನ ಸಹಸ್ರಾರು ಜನರಿಲ್ಲದೆ ಹಬ್ಬುತ್ತಿರಲಿಲ್ಲ.

1970ರಲ್ಲಿ ಪ್ರತಿಮೆಯನ್ನು ಅದೇ ಚೌಕದೊಳಗೆ ತುಸು ಸ್ಥಳಾಂತರಿಸಲಾಯಿತು. ಪ್ರತಿ ವರ್ಷ ಫೆಬ್ರುವರಿ 25ರಂದು ನಾಗರಿಕರು ಇಲ್ಲಿಗೆ ಸಾಲಾಗಿ ಬಂದು, ಕಂಚಿನ ಕಾರ್ಮಿಕನ ಕಾಲ ಬಳಿ ಹೂವಿರಿಸುತ್ತಾರೆ.