ಹಳದಿ ಗಿಟಾರಿನ ಹೆಚ್ಚುವರಿ ಮೆಟ್ಟಿಲುಗಳು

ವೀಣೆಗಿರುವಂತೆ ಗಿಟಾರಿಗೂ ಮೆಟ್ಟಿಲುಗಳಿವೆ. ಒಂದು ಸ್ಥಾಯಿಗೆ ಹನ್ನೆರಡು. ಪಶ್ಚಿಮದ ಪಾಪ್ ಸಂಗೀತ ಬಹುಪಾಲು ಈ ಹನ್ನೆರಡರೊಳಗೇ ಬದುಕುತ್ತದೆ. ಆಸ್ಟ್ರೇಲಿಯಾದ ಮೆಲ್ಬರ್ನ್‌ನ ಗಾಯಕ ಸ್ಟು ಮೆಕೆಂಝಿ ಅವರ ಹಳದಿ ಗಿಟಾರ್ ಹಾಗಲ್ಲ. ಅದರಲ್ಲಿ ಎರಡು ಮೆಟ್ಟಿಲುಗಳ ನಡುವೆ ಹೆಚ್ಚುವರಿ ಮೆಟ್ಟಿಲುಗಳನ್ನು ಕೂರಿಸಲಾಗಿದೆ. ಗೆಳೆಯರೊಬ್ಬರು ಅವರಿಗಾಗಿಯೇ ಮಾಡಿಕೊಟ್ಟ ಈ ವಾದ್ಯದ ಹೆಸರು ‘ಫ್ಲೈಯಿಂಗ್ ಮೈಕ್ರೋಟೋನಲ್ ಬನಾನಾ’. ಅದೇ ಹೆಸರಿನ ಆಲ್ಬಂ 2017ರ ಫೆಬ್ರವರಿಯಲ್ಲಿ ಬಂತು.

ಮೆಕೆಂಝಿ ಮುನ್ನಡೆಸುವ ತಂಡ ‘ಕಿಂಗ್ ಗಿಝರ್ಡ್ ಅಂಡ್ ದಿ ಲಿಝರ್ಡ್ ವಿಝರ್ಡ್’. ಉದ್ದನೆಯ ಆಲಾಪಗಳು, ಪ್ರತಿಧ್ವನಿಯಲ್ಲಿ ಅದ್ದಿ ತೆಗೆದ ಕಂಠ, ಮತ್ತೇರಿಸುವಂತೆ ಮರಳಿ ಮರಳಿ ಬರುವ ಲಯ: 1960ರ ದಶಕದಲ್ಲಿ ಹುಟ್ಟಿದ ಸೈಕೆಡೆಲಿಕ್ ರಾಕ್‌ನ ಈ ಲಕ್ಷಣಗಳೆಲ್ಲ ಇವರಲ್ಲಿವೆ. ಆದರೆ ಇವರನ್ನು ಬೇರೆಯಾಗಿಸುವುದು ಆ ಗಿಟಾರಿನ ಹಿಂದಿರುವ ಹಟ.

ಟರ್ಕಿಯ ತಂತಿವಾದ್ಯ ‘ಬಾಗ್ಲಾಮಾ’ ಮೆಕೆಂಝಿ ಅವರ ಕೈಗೆ ಬಂದದ್ದೇ ಎಲ್ಲಕ್ಕೂ ಮೂಲ. ಅದರಲ್ಲಿ ನುಡಿಸಿದ್ದನ್ನು ಗಿಟಾರಿಗೆ ತರಲು ಹೋದರೆ ಸ್ವರಗಳು ಸಿಗಲಿಲ್ಲ. ಅವು ಮೆಟ್ಟಿಲುಗಳ ನಡುವೆ ಇದ್ದವು. ಕರ್ನಾಟಕ ಸಂಗೀತ ಕೇಳಿ ಬೆಳೆದವರಿಗೆ ಇದು ಹೊಸತಲ್ಲ. ವೈಣಿಕರು ತಂತಿಯನ್ನು ಪಕ್ಕಕ್ಕೆಳೆದು ಆ ನಡುವಿನ ಜಾಗವನ್ನು ಮುಟ್ಟುತ್ತಾರೆ, ಗಮಕ ನಿಂತಿರುವುದೇ ಅಲ್ಲಿ. ಕೀಲಿಮಣೆಗೆ ಆ ದಾರಿ ಇಲ್ಲ. ಹಾರ್ಮೋನಿಯಂ ನಮ್ಮ ಸ್ವರಗಳಿಗೆ ಒಗ್ಗುವುದಿಲ್ಲವೆಂಬ ವಾದ ಎಷ್ಟು ಬಲವಾಗಿತ್ತೆಂದರೆ, ಆಕಾಶವಾಣಿ 1940ರಿಂದ ಮೂರು ದಶಕ ಅದನ್ನು ಹೊರಗಿಟ್ಟಿತ್ತು. ಮೆಲ್ಬರ್ನ್‌ನ ಈ ಹುಡುಗರಿಗೂ ಅದೇ ತೊಡಕು ಎದುರಾಯಿತು. ಹೊಸ ಗಿಟಾರನ್ನು ಸ್ಥಾಯಿಗೆ 24 ಸಮಭಾಗಗಳ ಶ್ರುತಿಗೆ ಹೊಂದಿಸಲಾಗಿತ್ತು. ಮಾಮೂಲಿ ವಾದ್ಯದ ಜೊತೆ ನುಡಿಸಿದರೆ ಆ ನಡುವಿನ ಸ್ವರಗಳು ಕೂಡುತ್ತಿರಲಿಲ್ಲ.

ಹಾಗಾದರೆ ಗಿಟಾರನ್ನು ಮೂಲೆಗಿಡಬೇಕೇ? ಅವರು ಉಳಿದ ವಾದ್ಯಗಳನ್ನೇ ಬದಲಿಸಿದರು. ತಂಡದ ಪ್ರತಿಯೊಬ್ಬರಿಗೂ ತಲಾ 200 ಡಾಲರ್ ಹಂಚಿ, ವಾದ್ಯ ಕೊಂಡು ಅದನ್ನು ಹೊಸ ಶ್ರುತಿಗೆ ಮಾರ್ಪಡಿಸಿಕೊಳ್ಳುವಂತೆ ಹೇಳಲಾಯಿತು. ಗಿಟಾರ್, ಬೇಸ್, ಕೀಬೋರ್ಡ್, ಮೌತ್ ಆರ್ಗನ್ ಎಲ್ಲವೂ ಹೀಗೆ ಮಾರ್ಪಟ್ಟವು. ಜೊತೆಗೆ ನಮ್ಮ ಶಹನಾಯಿಯ ಬಳಗಕ್ಕೆ ಸೇರಿದ, ಟರ್ಕಿಯ ‘ಝುರ್ನಾ’ ಕೂಡ ಬಂತು. ಆ ಆಲ್ಬಂನ ‘ರಾಟಲ್‌ಸ್ನೇಕ್’ ಹಾಡಿನಲ್ಲಿ ಒಂದೇ ಲಯ ಏಳು ನಿಮಿಷಕ್ಕೂ ಹೆಚ್ಚು ಕಾಲ ಓಡುತ್ತದೆ. ಮೇಲೆ ಗಿಟಾರ್ ಮಾತ್ರ ಪಶ್ಚಿಮದ ರಾಕ್‌ಗೆ ಪರಿಚಯವಿಲ್ಲದ ಓಣಿಗಳಲ್ಲಿ ತಿರುಗುತ್ತಿರುತ್ತದೆ. ಇದು ರಾಗ ಸಂಗೀತವಲ್ಲ, ಹಾಗೆಂದು ಅವರು ಹೇಳಿಕೊಂಡೂ ಇಲ್ಲ. ಆದರೆ ಒಂದು ಸ್ವರದ ಮೇಲಿನ ಮೋಹಕ್ಕೆ ಇಡೀ ತಂಡ ತನ್ನ ವಾದ್ಯಗಳನ್ನೇ ಬದಲಿಸಿಕೊಂಡ ಉದಾಹರಣೆ ರಾಕ್ ಲೋಕದಲ್ಲಿ ಅಪರೂಪ. 2020ರ ‘ಕೆ.ಜಿ.’, 2021ರ ‘ಎಲ್.ಡಬ್ಲ್ಯು.’ ಆಲ್ಬಂಗಳಲ್ಲಿ ಅದೇ ಶೋಧ ಮುಂದುವರಿಯಿತು.

ತಂಡ ಕೂಡಿದ್ದು 2010ರಲ್ಲಿ. ಗೆಳೆಯರು ಬಿಡುವಿದ್ದಾಗ ಸೇರಿ ನುಡಿಸುತ್ತಿದ್ದ ಕೂಟವದು. ಹೆಸರು ಕೊನೆಯ ಗಳಿಗೆಯ ರಾಜಿ: ಮೆಕೆಂಝಿ ‘ಗಿಝರ್ಡ್ ಗಿಝರ್ಡ್’ ಎಂದಿಡೋಣವೆಂದರೆ, ಇನ್ನೊಬ್ಬರಿಗೆ ‘ದಿ ಡೋರ್ಸ್’ ಗಾಯಕ ಜಿಮ್ ಮಾರಿಸನ್ ಅವರ ಅಡ್ಡಹೆಸರಾದ ‘ಲಿಝರ್ಡ್ ಕಿಂಗ್’ ಬೇಕಿತ್ತು. 2012ರ ಮೊದಲ ಆಲ್ಬಂ ‘12 ಬಾರ್ ಬ್ರೂಸ್’ ಅನ್ನು ತಾವೇ ಧ್ವನಿಮುದ್ರಿಸಿಕೊಂಡರು. ಅದನ್ನು ಹೊರತಂದ ‘ಫ್ಲೈಟ್‌ಲೆಸ್’ ಸಂಸ್ಥೆಯನ್ನು ಕಟ್ಟಿದವರು ತಂಡದ ಇಬ್ಬರು ಡ್ರಮ್ಮರ್‌ಗಳಲ್ಲಿ ಒಬ್ಬರಾದ ಎರಿಕ್ ಮೂರ್. ಮುಂದಿನ ವರ್ಷದ ‘ಫ್ಲೋಟ್ ಅಲಾಂಗ್’ನ ಹದಿನಾರು ನಿಮಿಷದ ಹಾಡಿನಲ್ಲಿ ಸಿತಾರ್ ದನಿ ಇದೆ. 2015ರ ‘ಕ್ವಾರ್ಟರ್ಸ್’ನಲ್ಲಿ ನಾಲ್ಕೇ ಹಾಡು, ಪ್ರತಿಯೊಂದೂ ಸರಿಯಾಗಿ 10 ನಿಮಿಷ 10 ಸೆಕೆಂಡು. 2016ರ ‘ನಾನಗನ್ ಇನ್ಫಿನಿಟಿ’ಯಲ್ಲಿ ಕೊನೆಯ ಹಾಡಿನ ತುದಿ ಮೊದಲ ಹಾಡಿನ ಬುಡಕ್ಕೆ ಕೂಡಿಕೊಳ್ಳುತ್ತದೆ; ತಟ್ಟೆ ತಿರುಗುತ್ತಲೇ ಇದ್ದರೆ ಸಂಗೀತಕ್ಕೆ ಕೊನೆಯಿಲ್ಲ.

2017ರಲ್ಲಿ ಐದು ಆಲ್ಬಂ ತರುತ್ತೇವೆಂದು ಹೇಳಿ, ಐದನೆಯದನ್ನು ಡಿಸೆಂಬರ್ 31ರಂದು ತಲುಪಿಸಿದರು. ನಾಲ್ಕನೆಯದಾದ ‘ಪಾಲಿಗೊಂಡ್ವಾನಾಲ್ಯಾಂಡ್’ನ ಕಥೆಯನ್ನು ಸ್ವಲ್ಪ ನಿಧಾನವಾಗಿ ಹೇಳಬೇಕು. ನವೆಂಬರ್‌ನಲ್ಲಿ ಅದನ್ನು ಉಚಿತವಾಗಿ ಬಿಟ್ಟರು. ಹಾಡು ಉಚಿತವಾಗಿ ಕೊಟ್ಟವರು ಹಿಂದೆಯೂ ಇದ್ದರು. ಇವರು ಮೂಲ ಧ್ವನಿಕಡತಗಳನ್ನೂ ಮುಖಪುಟದ ಕಲೆಯನ್ನೂ ಕೊಟ್ಟು, ಯಾರು ಬೇಕಾದರೂ ಇದನ್ನು ರೆಕಾರ್ಡ್, ಕ್ಯಾಸೆಟ್, ಸಿಡಿ ಮಾಡಿಕೊಳ್ಳಬಹುದು, ಮಾರಲೂಬಹುದು ಎಂದರು. ಹಲವು ದೇಶಗಳ ಪುಟ್ಟ ಪ್ರಕಾಶನಗಳೂ ಅಭಿಮಾನಿಗಳೂ ಅಚ್ಚು ಹಾಕಿಸಿದರು. ಒಂದೊಂದು ಆವೃತ್ತಿಗೂ ಬೇರೆ ಬಣ್ಣ, ಬೇರೆ ಹೊದಿಕೆ. ಸಂಗೀತದಲ್ಲಿ ಅತ್ಯಂತ ಬೆಲೆಬಾಳುವುದು ಮೂಲ ಮುದ್ರಿಕೆಯ ಹಕ್ಕು. ಅದಕ್ಕಾಗಿ ಕಂಪನಿಗಳ ಜೊತೆ ವರ್ಷಗಟ್ಟಲೆ ಹೋರಾಡಿದ ಕಲಾವಿದರಿದ್ದಾರೆ. ಆ ಹಕ್ಕು ತಮ್ಮ ಕೈಯಲ್ಲೇ ಇದ್ದುದರಿಂದ ಇವರಿಗೆ ಅದನ್ನು ಊರಿಗೆ ಬಿಟ್ಟುಕೊಡಲು ಸಾಧ್ಯವಾಯಿತು. ಸ್ವತಂತ್ರ ತಂಡ ಎಂಬ ಮಾತಿಗೆ ಇದಕ್ಕಿಂತ ತೂಕದ ಉದಾಹರಣೆ ಸಿಗುವುದು ಕಷ್ಟ.

ಆ ಔದಾರ್ಯ ಒಂದು ಬಾರಿಗೆ ಮುಗಿಯಲಿಲ್ಲ. 2020ರ ಆರಂಭದಲ್ಲಿ ಆಸ್ಟ್ರೇಲಿಯಾದ ಕಾಡುಗಳು ಹೊತ್ತಿ ಉರಿಯುತ್ತಿದ್ದಾಗ ಅಡಿಲೇಡ್, ಪ್ಯಾರಿಸ್, ಬ್ರಸೆಲ್ಸ್ ಕಛೇರಿಗಳ ಮುದ್ರಿಕೆಗಳನ್ನು ಬಿಡುಗಡೆ ಮಾಡಿ ಪರಿಹಾರಕ್ಕೆ ಹಣ ಕೂಡಿಸಿದರು. ‘ಬೂಟ್‌ಲೆಗರ್’ ಎಂಬ ಯೋಜನೆಯಲ್ಲಿ ತಮ್ಮ ಕಛೇರಿಗಳ ಧ್ವನಿಮುದ್ರಣವನ್ನು ಯಾರಾದರೂ ಅಚ್ಚು ಹಾಕಿ ಮಾರಲು ಒಪ್ಪಿಗೆ ಕೊಟ್ಟರು. 2024ರ ಅಮೆರಿಕ ಪ್ರವಾಸದ ಕಛೇರಿಗಳನ್ನು ಯೂಟ್ಯೂಬ್‌ನಲ್ಲಿ ಉಚಿತವಾಗಿ ನೇರಪ್ರಸಾರ ಮಾಡಿದರು.

ಇಷ್ಟೆಲ್ಲ ನಿರಾಯಾಸವಾಗಿ ನಡೆಯಿತೆಂದಲ್ಲ. 2020ರಲ್ಲಿ ಡ್ರಮ್ಮರ್ ಎರಿಕ್ ಮೂರ್ ತಂಡ ಬಿಟ್ಟರು. ಜೋಡಿ ಡ್ರಮ್ಮಿನ ಆ ಗುಡುಗು ಹಳೆಯ ಆಲ್ಬಂಗಳಲ್ಲಷ್ಟೇ ಉಳಿಯಿತು. ಕರುಳಿನ ಕ್ರೋನ್ಸ್ ಕಾಯಿಲೆಯಿರುವ ಮೆಕೆಂಝಿ 2022ರಲ್ಲಿ ಯುರೋಪ್ ಪ್ರವಾಸವನ್ನು ಅರ್ಧಕ್ಕೇ ನಿಲ್ಲಿಸಬೇಕಾಯಿತು. ಅದೇ ವರ್ಷದ ಅಕ್ಟೋಬರ್‌ನಲ್ಲಿ ಮೂರು ಆಲ್ಬಂ ಬಂದವು. ಅದರಲ್ಲೊಂದು ‘ಚೇಂಜಸ್’, 2017ರಲ್ಲೇ ಕೈಗೆತ್ತಿಕೊಂಡು, ಮನಸ್ಸಿಗೆ ಒಪ್ಪುವಂತೆ ಮೂಡದೆ ಐದು ವರ್ಷ ಕಾದಿರಿಸಿದ್ದು. ಅವಸರದ ತಂಡವೆಂದು ಇವರನ್ನು ಕರೆಯುವವರು ಈ ಐದು ವರ್ಷವನ್ನು ಗಮನಿಸಬೇಕು.

2025ರ ಜೂನ್‌ನಲ್ಲಿ 27ನೆಯ ಆಲ್ಬಂ ‘ಫ್ಯಾಂಟಮ್ ಐಲ್ಯಾಂಡ್’ ಬಂತು. ಮರುತಿಂಗಳು ತಂಡ ಸಂಗೀತ ಪ್ರಸಾರ ತಾಣ ಸ್ಪಾಟಿಫೈನಿಂದ ತನ್ನ ಹಾಡುಗಳನ್ನು ಹಿಂತೆಗೆದುಕೊಂಡಿತು. ಆ ಕಂಪನಿಯ ಆಗಿನ ಮುಖ್ಯಸ್ಥ ಡೇನಿಯಲ್ ಏಕ್ ಯುದ್ಧತಂತ್ರಜ್ಞಾನದಲ್ಲಿ ಹೂಡಿರುವ ಬಂಡವಾಳಕ್ಕೆ ಅದು ವಿರೋಧ. ಬ್ಯಾಂಡ್‌ಕ್ಯಾಂಪ್ ತಾಣದಲ್ಲಿ ತಮ್ಮ ಆಲ್ಬಂಗಳಿಗೆ ಕೇಳುಗರು ಇಚ್ಛೆಪಟ್ಟಷ್ಟು ಕೊಡಲಿ ಎಂದರು. ನಿರ್ಧಾರ ದೊಡ್ಡದು, ಅದಕ್ಕೆ ತೆತ್ತ ಬೆಲೆಯೂ ಸಣ್ಣದಲ್ಲ. ಸೈಕೆಡೆಲಿಕ್ ಎಂಬ ಮಾತನ್ನೇ ಕೇಳಿರದ ಕೇಳುಗನೊಬ್ಬನಿಗೆ, ಯಾವುದೋ ಹಾಡಿನ ಬೆನ್ನಿಗೆ ಅಕಸ್ಮಾತ್ತಾಗಿ ‘ರಾಟಲ್‌ಸ್ನೇಕ್’ ತಾಗುವ ಅವಕಾಶ ಸ್ಪಾಟಿಫೈನಲ್ಲಿ ಇನ್ನಿಲ್ಲ.